ಕುಬಿಹಾಳದ ಟ್ರಂಕಿನಲ್ಲಿದ್ದ ರೈಲು

ನಮ್ಮ ಕಡೆಯ ಹಳ್ಳಿಗಳಿಗೆ ಕ್ಯಾಮೆರಾ ಬಂದದ್ದೇ ಮದುವೆಗೆ. ದೊಡ್ಡ ಊರುಗಳ ಹಳೆಯ ಬೀದಿಗಳನ್ನು, ಸಭೆಗಳನ್ನು ಸರಕಾರದವರೋ ಸುದ್ದಿಯವರೋ ತೆಗೆದಿಟ್ಟಿರುತ್ತಾರೆ. ಆದರೆ ಅಣ್ಣಿಗೇರಿಯ ಕಾಳಿನ ಪೇಟೆ ಹಿಂದೆ ಹೇಗಿತ್ತು, ನವಲಗುಂದದ ರಸ್ತೆಯಲ್ಲಿ ಎತ್ತಿನ ಚಕ್ಕಡಿಗಳು ಹೇಗೆ ಸಾಲಾಗಿ ನಿಲ್ಲುತ್ತಿದ್ದವು ಎಂದು ನೋಡಬೇಕಾದರೆ ಯಾರದಾದರೂ ಮದುವೆಯ ವಿಡಿಯೊ ಹಾಕಬೇಕು. ಹಾಕಿ, ಮದುಮಗನನ್ನು ಬಿಟ್ಟು ಅವನ ಹಿಂದೆ ಏನಿದೆ ಎಂದು ನೋಡಬೇಕು. ಸಿನಿಮಾದವರಿಗೂ ಟಿವಿಯವರಿಗೂ ಇಂಥ ಹಳೆಯ ದೃಶ್ಯಗಳನ್ನು ಹುಡುಕಿಕೊಡುವುದು ನನ್ನ ಕೆಲಸ.

ಇದು ನಾನು ಆರಿಸಿಕೊಂಡ ಕೆಲಸವಲ್ಲ. ಪಿಯುಸಿ ಮುಗಿಸಿ ಅಣ್ಣಿಗೇರಿಯಲ್ಲಿ ಸಣ್ಣ ಸ್ಟುಡಿಯೊ ಇಟ್ಟಿದ್ದೆ. ಪಾಸ್‌ಪೋರ್ಟ್ ಫೋಟೊ ತೆಗೆಯುವುದು, ಜನರ ಹಳೆಯ ಕ್ಯಾಸೆಟ್ಟುಗಳನ್ನು ಸಿಡಿಗೆ, ಆಮೇಲೆ ಪೆನ್‌ಡ್ರೈವಿಗೆ ಇಳಿಸಿಕೊಡುವುದು. ಒಮ್ಮೆ ಬೆಂಗಳೂರಿನಿಂದ ಸಾಕ್ಷ್ಯಚಿತ್ರದ ತಂಡವೊಂದು ಬಂದು, ಹತ್ತಿ ತುಂಬಿದ ದೊಡ್ಡ ಮೂಟೆ, ಅಂಡಿಗೆ, ಹೇರಿದ ಚಕ್ಕಡಿಯ ಹಳೆಯ ದೃಶ್ಯ ಎಲ್ಲಾದರೂ ಸಿಗಬಹುದೇ ಎಂದು ಕೇಳಿತು. ಒಂದು ಮದುವೆಯ ಮೆರವಣಿಗೆ ಹಾಯ್ದು ಹೋಗಲೆಂದು ಅಂಥದೊಂದು ಚಕ್ಕಡಿ ಬದಿಗೆ ನಿಂತದ್ದು ನನಗೆ ನೆನಪಿತ್ತು. ಹುಡುಕಿ ಕೊಟ್ಟೆ. ಅವರು ಇನ್ನೊಬ್ಬರಿಗೆ ಹೇಳಿದರು, ಆ ಇನ್ನೊಬ್ಬರು ಮತ್ತೊಬ್ಬರಿಗೆ.

ನನ್ನ ಹತ್ತಿರ ಇದ್ದ ಕ್ಯಾಸೆಟ್ಟುಗಳು ಬೇಗ ಮುಗಿದವು. ಊರೂರಿಗೆ ಹೋಗಿ ಕೇಳಬೇಕಾಯಿತು. ಆಗ ಗೊತ್ತಾದದ್ದು, ಮದುವೆಯ ಕ್ಯಾಸೆಟ್ಟು ಹೆಂಗಸರ ಸ್ವಾಧೀನದಲ್ಲಿ ಇರುತ್ತದೆ ಎಂದು. ತವರಿನಿಂದ ತಂದ ಟ್ರಂಕಿನಲ್ಲಿ, ಧಾರೆಯ ಸೀರೆಯ ಮಡಿಕೆಯಲ್ಲಿ. ನಾನು ಹೋಗಿ ಕೇಳಿದರೆ ಗಂಡಸರು ಕಟ್ಟೆಯ ಮೇಲೆ ಕೂತೇ, ಅವೆಲ್ಲಾ ಯಾವಾಗೋ ಹೋದವು ಎನ್ನುತ್ತಿದ್ದರು. ನಿಜವಾಗಿಯೂ ಅವರಿಗೆ ಗೊತ್ತಿರುತ್ತಿರಲಿಲ್ಲ.

ಹಾಗಾಗಿ ಅಕ್ಕ ನನ್ನ ಜೊತೆ ಬರತೊಡಗಿದಳು.

ಅಕ್ಕ ನನಗಿಂತ ಒಂಬತ್ತು ವರ್ಷ ದೊಡ್ಡವಳು. ಚಿಕ್ಕ ವಯಸ್ಸಿನಲ್ಲೇ ಗಂಡನನ್ನು ಕಳೆದುಕೊಂಡು ನಮ್ಮ ಮನೆಗೆ ಬಂದಿದ್ದಳು. ಅಂಗನವಾಡಿಯಲ್ಲಿ ಕಲಿಸುತ್ತಿದ್ದವಳು ಆಗಷ್ಟೇ ನಿವೃತ್ತಳಾಗಿದ್ದಳು. ಮೊದಲ ಸಲ ನಾನು ಒಂದು ಮನೆಯಲ್ಲಿ ಮಾತಾಡಿದ್ದನ್ನು ಕೇಳಿ ಹೊರಗೆ ಬಂದ ಮೇಲೆ ಹೇಳಿದಳು: "ಪೊಲೀಸರು ವಿಚಾರಣಿ ಮಾಡಿದಂಗ ಮಾಡ್ತಿಯಲ್ಲೋ ತಮ್ಮಾ. ಕ್ಯಾಸೆಟ್ ಕೇಳಾಕ ಬಂದಿಯೋ, ಕಳ್ಳನ್ನ ಹಿಡ್ಯಾಕ ಬಂದಿಯೋ? ನೀ ಹೊರಗ ಕುಂದ್ರು."

ಅಂದಿನಿಂದ ನಾನು ಹೊರಗೆ ಕುಳಿತೆ. ಅವಳು ಒಳಗೆ ಹೋಗುವಳು, ಬಾಗಿಲು ಅರ್ಧ ಮುಚ್ಚಿಕೊಳ್ಳುವುದು. ಒಳಗೆ ಏನು ನಡೆಯುತ್ತಿತ್ತೋ ನನಗೆ ತಿಳಿಯುತ್ತಿರಲಿಲ್ಲ. ನಗು ಕೇಳುತ್ತಿತ್ತು, ಕೆಲವೊಮ್ಮೆ ಬಹಳ ಹೊತ್ತು ಏನೂ ಕೇಳುತ್ತಿರಲಿಲ್ಲ. ಕೊನೆಗೆ ಅಕ್ಕ ಸೆರಗಿನಲ್ಲಿ ಕ್ಯಾಸೆಟ್ಟು ಹಿಡಿದು ಬರುತ್ತಿದ್ದಳು, ಇಲ್ಲವೇ ಬರಿಗೈಲಿ. ಒಮ್ಮೆ ಕಲಘಟಗಿ ಕಡೆ ಬಮ್ಮಿಗಟ್ಟಿಗೆ ಹೋಗಿದ್ದಾಗ ಬರಿಗೈಲಿ ಬಂದವಳು ನಗು ತಡೆಯಲಾಗದೆ ಕಟ್ಟೆಯ ಮೇಲೆ ಕೂತುಬಿಟ್ಟಳು. ಆ ಮನೆಯ ಯಜಮಾನ ಕ್ಯಾಸೆಟ್ಟಿನ ರೀಲನ್ನೆಲ್ಲ ಎಳೆದು, ಹಕ್ಕಿ ಓಡಿಸಲೆಂದು ಗದ್ದೆಯ ಸುತ್ತ ಕಟ್ಟಿದ್ದನಂತೆ. ಅವನ ಹೆಂಡತಿ ಗಾಳಿಗೆ ಹೊಳೆಯುತ್ತ ಗುಂಯ್ಗುಡುವ ಆ ರೀಲನ್ನು ಕಿಟಕಿಯಿಂದ ತೋರಿಸಿ, "ನಮ್ಮ ಮದಿವಿ ಅಲ್ಲೈತಿ ನೋಡ್ರಿ, ಬೇಕಾದ್ರ ಬಿಚಗೊಂಡ್ ಹೋಗ್ರಿ" ಎಂದಿದ್ದಳಂತೆ. ಮನೆ ಮುಟ್ಟುವವರೆಗೂ ಅಕ್ಕ ಸ್ಕೂಟರಿನ ಹಿಂದೆ ಕೂತು ನಗುತ್ತಲೇ ಇದ್ದಳು.

ಅಕ್ಕ ತೀರಿಕೊಂಡದ್ದು ಹೋದ ಮಳೆಗಾಲದಲ್ಲಿ. ಜ್ವರವೆಂದು ಮಲಗಿದವಳು ಹುಬ್ಬಳ್ಳಿಯ ಆಸ್ಪತ್ರೆಯಿಂದ ಮಾತಾಡುತ್ತ ವಾಪಸು ಬಂದಳು, ಬಂದ ವಾರದಲ್ಲಿ ಹೋದಳು. ಅದನ್ನು ಇಲ್ಲಿ ಹೆಚ್ಚು ಬರೆಯಲಾರೆ. ಇಷ್ಟು ಹೇಳಬಹುದು: ಸ್ಕೂಟರು ಹಗುರಾಯಿತು. ಬ್ರೇಕ್ ಹಾಕಿದರೆ ಮೊದಲಿಗಿಂತ ಬೇಗ ನಿಲ್ಲುತ್ತದೆ, ನಾನು ಪ್ರತಿ ಸಲವೂ ಮುಂದಕ್ಕೆ ವಾಲುತ್ತೇನೆ. ಇಷ್ಟು ಜನರ ಹಳೆಯ ಚಿತ್ರ ಹುಡುಕಿದವನ ಹತ್ತಿರ ಅಕ್ಕ ನಡೆದಾಡುವ ಚಿತ್ರ ಒಂದೂ ಇಲ್ಲ. ಕ್ಯಾಮೆರಾ ಎತ್ತಿದರೆ ಅವಳು ಅದರ ಹಿಂದೆ ಬಂದು ನಿಲ್ಲುತ್ತಿದ್ದಳು.

ಅವಳು ಹೋದ ಮೇಲೆ ನಾನು ಯಾರ ಮನೆಗೂ ಹೋಗಲಿಲ್ಲ. ಬಂದ ಕರೆಗಳಿಗೆ ಸಿಗುವುದಿಲ್ಲ ಎನ್ನುತ್ತಿದ್ದೆ. ಹಿಂಗಾರಿ ಬಿತ್ತನೆ ಮುಗಿದ ಹೊತ್ತಿಗೆ ಬೆಂಗಳೂರಿನ ಒಬ್ಬ ಹುಡುಗಿ ಫೋನು ಮಾಡಿದಳು. ಹಳೆಯ ರೈಲು ದಾರಿಗಳ ಬಗ್ಗೆ ಟಿವಿಗೆ ಕಂತುಗಳನ್ನು ಮಾಡುತ್ತಿದ್ದಾರಂತೆ. ಹುಬ್ಬಳ್ಳಿ-ಗದಗ ಹಳಿ ಅಗಲವಾಗುವುದಕ್ಕೆ ಮೊದಲು ಅಣ್ಣಿಗೇರಿ ನಿಲ್ದಾಣದಲ್ಲಿ ಸಣ್ಣ ಹಳಿಯ ಗಾಡಿ ನಿಂತ ದೃಶ್ಯ ಬೇಕು.

"ಸರ್, ಹಾರ್ಟು, ನವಿಲು ಏನೂ ಇರಬಾರ್ದು. ಹಾಡೂ ಇರಬಾರ್ದು. ಬರೀ ರೈಲು," ಎಂದಳು.

ಅವಳು ಹೇಳಿದ್ದು ನಮ್ಮ ಕಡೆಯ ಮಿಕ್ಸಿಂಗ್ ಬಗ್ಗೆ. ಆಗಿನ ಸ್ಟುಡಿಯೊದವರು ಮದುವೆ ತೆಗೆದುಕೊಂಡು ಹೋಗಿ, ಹೆಣ್ಣು-ಗಂಡನ್ನು ಹೃದಯದ ಆಕಾರದೊಳಗೆ ಕೂಡಿಸಿ, ಸುತ್ತ ನವಿಲು-ಗುಲಾಬಿ ಬಿಟ್ಟು, ಇದ್ದ ಮಾತನ್ನೆಲ್ಲ ಅಳಿಸಿ ಮೇಲೆ ಸಿನಿಮಾ ಹಾಡು ಹಾಕಿ ಕೊಡುತ್ತಿದ್ದರು. ಮೂಲ ಕ್ಯಾಸೆಟ್ಟಿನ ಮೇಲೆ ಮುಂದಿನ ಮದುವೆ ತೆಗೆಯುತ್ತಿದ್ದರು. ಹಾಗಾಗಿ ಸಿಗುವ ರೈಲುಗಳೆಲ್ಲ ಹೃದಯದೊಳಗೇ ಬಂದು, ಹೃದಯದೊಳಗೇ ಹೋಗುತ್ತವೆ. ಅಂಥದ್ದು ಈ ಕೆಲಸಕ್ಕೆ ಬರುವುದಿಲ್ಲ.

ಮಿಕ್ಸಿಂಗ್ ಆಗದೆ ಉಳಿದ ಒಂದೇ ಕ್ಯಾಸೆಟ್ಟು ನನಗೆ ಗೊತ್ತಿತ್ತು. ಅಣ್ಣಿಗೇರಿಯ ಹೆಣ್ಣುಮಗಳೊಬ್ಬಳನ್ನು ಕುಂದಗೋಳದ ಕಡೆ ಕುಬಿಹಾಳಕ್ಕೆ ಕೊಟ್ಟಿದ್ದರು. ಮದುವೆ ಮುಗಿಸಿ ದಿಬ್ಬಣ ಅಣ್ಣಿಗೇರಿಯಲ್ಲೇ ರೈಲು ಹತ್ತಿತ್ತು. ಅದಾಗಿ ಕೆಲವೇ ದಿನಗಳಲ್ಲಿ ಅವಳ ತಂದೆ ತೀರಿಕೊಂಡ. ಮಿಕ್ಸಿಂಗಿಗೆ ಯಾವ ಹಾಡು ಬೇಕೆಂದು ಹೇಳಲು ಸ್ಟುಡಿಯೊಕ್ಕೆ ಯಾರೂ ಹೋಗಲಿಲ್ಲ. ಕೊನೆಗೆ ಆ ಸ್ಟುಡಿಯೊದವನು, ಸತ್ತವರ ಮನೆಯ ಕ್ಯಾಸೆಟ್ಟಿನ ಮೇಲೆ ಇನ್ನೊಬ್ಬರ ಮದುವೆ ತೆಗೆಯಬಾರದೆಂದು, ಅದನ್ನು ಹಾಗೆಯೇ ಅವರಿಗೆ ಮುಟ್ಟಿಸಿದ್ದ. ಎರಡು ವರ್ಷದ ಹಿಂದೆ ಆ ಓಣಿಯ ಮನೆಗಳಿಗೆ ನಾಲ್ಕಾರು ಸಲ ಹೋದಾಗ ನಾವು ಅದನ್ನೂ ಕೇಳಿದ್ದೆವು. ಒಳಗಿನಿಂದ ಬಂದ ಅಕ್ಕ, "ಬೂಷ್ಟ ಹಿಡದೈತಿ ತಮ್ಮಾ. ರೀಲಿಗೆ ರೀಲ ಅಂಟೇತಿ. ಬಿಟ್ಟಬಿಡು," ಎಂದಿದ್ದಳು.

ಅಕ್ಕ ಜ್ವರವೆಂದು ಮಲಗುವ ಕೆಲವೇ ದಿನ ಮೊದಲು ತರಿಸಿದ, ರೀಲಿನ ಬೂಷ್ಟು ತೆಗೆಯುವ ಒಂದು ಮಷೀನು ಈಗ ನನ್ನ ಹತ್ತಿರ ಇದೆ. ಹೋಗಿ ನೋಡಬೇಕೆಂದುಕೊಂಡೆ. ಇದೊಂದು ಆಗದಿದ್ದರೆ ಹಳೆಯ ದೃಶ್ಯ ಹುಡುಕುವುದನ್ನು ಬಿಟ್ಟು ಪಾಸ್‌ಪೋರ್ಟ್ ಫೋಟೊ ತೆಗೆದುಕೊಂಡು ಇದ್ದುಬಿಡುವುದೆಂದೂ ಮನಸ್ಸಿನಲ್ಲಿ ಗಟ್ಟಿ ಮಾಡಿಕೊಂಡಿದ್ದೆ. ಯಾರಿಗೂ ಹೇಳಿರಲಿಲ್ಲ.

ಕುಬಿಹಾಳಕ್ಕೆ ಹೋದಾಗ ಕಡಲೆ ಹೊಲಗಳು ಹಸಿರಾಗಿದ್ದವು. ಆ ಕ್ಯಾಸೆಟ್ಟಿನ ಮದುಮಗಳು, ಈಗಿನ ಮನೆಯಾಕೆ, ಬಾಗಿಲಲ್ಲಿ ನಿಂತಿದ್ದಳು, ತಲೆಯ ಮೇಲೆ ಸೆರಗು. ನಾನು ಕಟ್ಟೆಯ ಹತ್ತಿರವೇ ನಿಂತು ಬೂಷ್ಟು ತೆಗೆಯುವ ಮಷೀನಿನ ಬಗ್ಗೆ, ಟಿವಿಯವರ ಬಗ್ಗೆ ಎಲ್ಲವನ್ನೂ ಒಂದೇ ಉಸಿರಿನಲ್ಲಿ ಹೇಳಿದೆ. ನಾನು ಮುಗಿಸುವವರೆಗೂ ಆಕೆ ಕಾದು, "ಮದ್ಲ ಒಳಗ ಬರ್ರಿ ಅಣ್ಣಾ," ಎಂದಳು. "ನಿಮ್ಮ ಅಕ್ಕಾರು ಹೋದದ್ದು ನಮಗ ತಡಾ ಗೊತ್ತಾತು. ಮಾತಾಡ್ಸಾಕ ಬರಾಕ ಆಗಲಿಲ್ಲ."

ಸಾವಾದ ಮನೆಯವರನ್ನು ಹೋಗಿ ಮಾತಾಡಿಸದೆ ಅವರೊಡನೆ ಬೇರೆ ವ್ಯವಹಾರ ತೆಗೆಯುವುದು ನಮ್ಮಲ್ಲಿ ಸಲ್ಲದು. ಆಕೆ ಬಂದಿರಲಿಲ್ಲ, ಆ ಸಂಕೋಚ ಆಕೆಗಿತ್ತು. ನಾನು ಅದನ್ನು ತಿಳಿಯದೆ ಮಷೀನು, ಟಿವಿ ಎಂದು ಮಾತಾಡಿದ್ದೆ.

ಹೀಗೆ ನಾನು ಮೊದಲ ಬಾರಿ ಆ ಮನೆಯ ಒಳಗೆ ಹೋದೆ. ಅಕ್ಕ ಕೂರುತ್ತಿದ್ದದ್ದು ಇಲ್ಲೇ ಎಂದು ಹೇಳಿ ಅಲ್ಲಿಯೇ ಚಾಪೆ ಹಾಸಿದರು. ಆಕೆಯ ಸೊಸೆ ನೀರು ತಂದಿಟ್ಟಳು. ಬಾಜು ಮನೆಯ ಇಬ್ಬರು ಹೆಂಗಸರು ಬಂದು ಗೋಡೆಗೆ ಆತು ಕುಳಿತರು. ಏನಾಗಿತ್ತು, ಹೇಗಾಯಿತು, ಕೊನೆಗೆ ನೀರು ಕುಡಿದಳೋ ಇಲ್ಲವೋ, ಹತ್ತಿರ ಯಾರಿದ್ದರು ಎಂದು ಒಂದೊಂದಾಗಿ ಕೇಳಿದರು. ನಮ್ಮ ಮನೆಗೆ ಬಂದವರಿಗೆಲ್ಲ ಇದನ್ನು ನನ್ನ ಹೆಂಡತಿಯೇ ಹೇಳಿದ್ದಳು. ನಾನು ಬಾಯಿಬಿಟ್ಟು ಪೂರ್ತಿ ಹೇಳಿದ್ದು ಅದೇ ಮೊದಲು. ಹೇಳಿ ಮುಗಿದ ಮೇಲೆ ಅವರು ಹೇಳತೊಡಗಿದರು. ಅಕ್ಕ ಒಳಗೆ ಕೂತು ನನ್ನನ್ನು ಅಣಕಿಸುತ್ತಿದ್ದಳಂತೆ. ಕೈ ಕಟ್ಟಿಕೊಂಡು, ಕುತ್ತಿಗೆ ಉದ್ದ ಮಾಡಿ, ಬಾಗಿಲ ಸಂದಿಯಿಂದ ಇಣುಕುವ ಹಾಗೆ. ಬಾಜು ಮನೆಯ ಹೆಂಗಸು ಅದನ್ನು ಮಾಡಿಯೂ ತೋರಿಸಿದಳು. ಅವಳ ಅಣಕದಲ್ಲಿ ನನಗೆ ನಾನೂ ಕಾಣಿಸಿದೆ, ಅಕ್ಕನೂ ಕಾಣಿಸಿದಳು.

ಆಮೇಲೆ ಮನೆಯಾಕೆ ಒಳಕೋಣೆಗೆ ಹೋಗಿ ಟ್ರಂಕಿನಿಂದ ಕ್ಯಾಸೆಟ್ಟು ತಂದು ನನ್ನ ಮುಂದೆ ಇಟ್ಟಳು. ಇಳಕಲ್ ಸೀರೆಯಲ್ಲಿ ಸುತ್ತಿದ್ದು. ಅದರ ಸಣ್ಣ ಗಾಜಿನೊಳಗೆ ನೋಡಿದೆ. ರೀಲು ಹೊಸದರ ಹಾಗೆ ಕಪ್ಪಗೆ ಹೊಳೆಯುತ್ತಿತ್ತು. ಬೂಷ್ಟಿನ ಒಂದು ಬಿಳಿ ಚುಕ್ಕೆಯೂ ಇಲ್ಲ. ನಾನು ತಿರುಗಿಸಿ ತಿರುಗಿಸಿ ನೋಡುವುದನ್ನು ಕಂಡು ಸೊಸೆ ನಕ್ಕುಬಿಟ್ಟಳು.

"ನೋಡಬ್ಯಾಡ್ರಿ ಕಾಕಾರ, ಬೂಷ್ಟ ಇಲ್ಲ. ಕೊಡಾಕ ಮನಸಿಲ್ಲ ಅಂದ್ರ, ನಮ್ಮ ತಮ್ಮಗ ಬೂಷ್ಟ ಹಿಡದೈತಿ ಅಂತ ಹೇಳ್ತೀನಿ ಬಿಡು ಅಂತಿದ್ರು ನಿಮ್ಮ ಅಕ್ಕಾರು. ನಮ್ಮ ಓಣ್ಯಾಗ ಮೂರ್ ಮನಿ ಕ್ಯಾಸೆಟ್ಟಿಗೆ ಬೂಷ್ಟ ಹಚ್ಚಿ ಹೋಗ್ಯಾರ ಅವರು."

ಬಾಜು ಮನೆಯ ಇಬ್ಬರೂ ಸೆರಗು ಬಾಯಿಗೆ ಹಿಡಿದರು. ಆ ಮೂರರಲ್ಲಿ ಒಂದು ಅವರದೇ ಇರಬೇಕು. ಅಷ್ಟು ವರ್ಷ ನಮ್ಮ ಕಡೆಯ ಮನೆಗಳಲ್ಲಿ ಇಷ್ಟೊಂದು ಬೂಷ್ಟು ಯಾಕೆ ಎಂದು ನಾನು ತಲೆ ಕೆಡಿಸಿಕೊಂಡದ್ದು, ಕಪ್ಪು ಮಣ್ಣಿನ ತೇವವಿರಬೇಕು ಎಂದು ಬೆಂಗಳೂರಿನವರಿಗೆ ವಿವರಿಸಿದ್ದು, ಕೊನೆಗೆ ಆ ಮಷೀನು ತರಿಸಿದ್ದು ಎಲ್ಲ ನೆನಪಾಯಿತು. ಅಕ್ಕ ಅದನ್ನೆಲ್ಲ ನೋಡುತ್ತ ಸುಮ್ಮನಿದ್ದಳು. ನಾನೂ ನಕ್ಕೆ. ಅವಳು ಹೋದ ಮೇಲೆ ಹಾಗೆ ನಕ್ಕಿರಲಿಲ್ಲ.

ಕೊಡಲು ಮನಸ್ಸಿಲ್ಲದ್ದು ಯಾಕೆಂದು ಆಕೆಯೇ ಹೇಳಿದಳು. ರೈಲು ಹತ್ತಿಸಲು ಬಂದ ಅಪ್ಪ ಕಿಟಕಿ ಹಿಡಿದುಕೊಂಡು ಅತ್ತಿದ್ದ. ಊರಲ್ಲಿ ನಾಲ್ಕು ಜನರಿಗೆ ಬುದ್ಧಿ ಹೇಳುವ ಮನುಷ್ಯ, ಯಾರ ಮುಂದೆಯೂ ಕಣ್ಣಲ್ಲಿ ನೀರು ತಂದವನಲ್ಲ. ಅದೇ ಕೊನೆಯ ಭೇಟಿಯಾಯಿತು. ಕ್ಯಾಸೆಟ್ಟು ಬಂದಾಗಿನಿಂದ ಒಮ್ಮೆಯೂ ಹಾಕಿ ನೋಡಿಲ್ಲ. ಈಗ ಅದನ್ನು ಕೊಟ್ಟರೆ, ಅಪ್ಪ ಅಳುವುದನ್ನು ಊರೆಲ್ಲ ಉಣ್ಣುತ್ತ ಕೂತು ಟಿವಿಯಲ್ಲಿ ನೋಡುತ್ತದೆ.

"ರೈಲಷ್ಟ ಕೊಡು ಅಂದ್ರ ಹೆಂಗ್ ಕೊಡ್ಲ್ರಿ ಅಣ್ಣಾ? ರೈಲಿನ ಮುಂದ ನಿಂತಾಂವ ಅಪ್ಪ," ಎಂದು ಕ್ಯಾಸೆಟ್ಟನ್ನು ಮಡಿಲಿಗೆ ತೆಗೆದುಕೊಂಡಳು.

ನೋಡದೆ ಏನೂ ಹೇಳಲಾಗದು ಎಂದಷ್ಟೇ ಅಂದು ಎದ್ದೆ. ಹೆಂಗಸರು ಬಾಗಿಲವರೆಗೂ ಬಂದರು, ಹೋಗಿ ಬರ್ರಿ ಎಂದು ಒಬ್ಬರೂ ಹೇಳಲಿಲ್ಲ. ನಮ್ಮ ಕಡೆ ಜಗಳವಾಡಿದವರಿಗೂ ಆ ಮಾತು ಹೇಳಿಯೇ ಕಳಿಸುತ್ತಾರೆ. ಕೊಡುವುದಿಲ್ಲ ಎಂಬುದನ್ನು ಅವರು ಇದಕ್ಕಿಂತ ಸ್ಪಷ್ಟವಾಗಿ ಹೇಳಬೇಕಿಲ್ಲ ಎಂದುಕೊಂಡು ಊರಿಗೆ ಬಂದೆ. ಬೆಂಗಳೂರಿನ ಹುಡುಗಿಗೆ ಫೋನು ಮಾಡಿ ಸಿಗಲಿಲ್ಲ ಎಂದೆ. ಯಾಕೆ ಎಂದು ಕೇಳಿದಳು. ಬೂಷ್ಟು ಹಿಡಿದಿದೆ ಎಂದೆ. ಆ ಮಾತು ಬಾಯಿಂದ ತಾನಾಗಿ ಬಂತು, ಹೇಳಿದ್ದಕ್ಕೆ ಬೇಸರವೂ ಆಗಲಿಲ್ಲ. ಮಷೀನಿನ ಮೇಲೆ ಬಟ್ಟೆ ಮುಚ್ಚಿದೆ.

ನಾಲ್ಕೈದು ದಿನ ಬಿಟ್ಟು ಕುಬಿಹಾಳದ ಸೊಸೆಯ ಫೋನು ಬಂತು.

"ಯಾಕ್ರಿ ಕಾಕಾರ, ಬರಲೇ ಇಲ್ಲ? ಅತ್ತಿ ದಿನಾ ಹಾದಿ ನೋಡಾಕತ್ತಾರ. ನೋಡದ ಹೇಳಾಕಾಗಂಗಿಲ್ಲ ಅಂದ್ರಿ, ನೋಡೂಣು ಅಂತ ಅವರೂ ಮನಸ್ ಮಾಡ್ಯಾರ."

ಬಾ ಎಂದು ಯಾರೂ ಹೇಳಲಿಲ್ಲವಲ್ಲ ಎಂದೆ.

"ಅಯ್ಯ, ಸತ್ತವರ ಮಾತಾಡಿ ಏಳೂಮುಂದ ಹೋಗಿ ಬರ್ರಿ ಅಂತಾರೇನ್ರಿ ಯಾರರ? ಇಷ್ಟ್ ಗೊತ್ತಾಗಲಿಲ್ಲೇನ್ರಿ ನಿಮಗ?"

ಗೊತ್ತಿತ್ತು. ಸಾವಿನ ಮಾತಿಗೆ ಬಂದವರು ಮತ್ತೆ ಬರುವಂತಾಗಬಾರದು ಎಂದು ಆ ಮಾತು ಆಡುವುದಿಲ್ಲ. ನಮ್ಮ ಮನೆಗೆ ಬಂದವರೂ ಹಾಗೆಯೇ ಸುಮ್ಮನೆ ಎದ್ದು ಹೋಗಿದ್ದರು. ನಾನು ಕುಬಿಹಾಳಕ್ಕೆ ಹೋದದ್ದು ಕೆಲಸಕ್ಕೆಂದು ನನ್ನ ಲೆಕ್ಕ. ಅವರ ಪಾಲಿಗೆ ಅದು ಅಕ್ಕನಿಗಾಗಿ ಕೂತ ಹೊತ್ತು.

ಮರುದಿನ ಹಳೆಯ ವಿಸಿಆರನ್ನು ಗೋಣಿಚೀಲದಲ್ಲಿ ಸುತ್ತಿ, ಲ್ಯಾಪ್‌ಟಾಪಿನೊಡನೆ ಸ್ಕೂಟರಿಗೆ ಕಟ್ಟಿಕೊಂಡು ಹೋದೆ. ಗಂಡಸರು ಹೊಲಕ್ಕೆ ಹೋಗಿದ್ದರು. ಸೊಸೆ ಬಾಗಿಲನ್ನು ಅರ್ಧ ಮುಚ್ಚಿದಳು. ಮನೆಯಾಕೆ ಹತ್ತಿರ ಬರದೆ ಆಚೆ ಗೋಡೆಗೆ ಬೆನ್ನು ಕೊಟ್ಟು ಕುಳಿತಳು, ಬೇಡವೆಂದರೆ ಎದ್ದು ಹೋಗಲು ಅನುಕೂಲವಾಗುವಂತೆ. ಬೇಡ ಎಂದ ಕ್ಷಣ ನಿಲ್ಲಿಸುತ್ತೇನೆ, ಕ್ಯಾಸೆಟ್ಟು ತೆಗೆದು ನಿಮ್ಮ ಕೈಗೇ ಕೊಡುತ್ತೇನೆ ಎಂದು ಹೇಳಿ ಹಾಕಿದೆ.

ನೀಲಿ ಪರದೆ, ಅದುರುವ ಗೆರೆಗಳು. ಆಮೇಲೆ ಅಣ್ಣಿಗೇರಿಯ ನಿಲ್ದಾಣ. ಕಲ್ಲಿನ ಕಂಬ, ಬೇವಿನ ಮರ, ಪ್ಲಾಟ್‌ಫಾರ್ಮಿನ ತುಂಬ ಬುತ್ತಿ ಗಂಟು ಮತ್ತು ಟ್ರಂಕು. ಬಿಳಿ ಧೋತರ ಉಟ್ಟು ತಲೆಗೆ ಪಟಗ ಸುತ್ತಿದ ಎತ್ತರದ ಮನುಷ್ಯ ಒಬ್ಬರಿಂದ ಒಬ್ಬರ ಹತ್ತಿರ ಓಡಾಡುತ್ತಿದ್ದ. ಸೊಸೆ ಅತ್ತೆಯ ಕಡೆ ನೋಡಿದಳು. ಅಪ್ಪನೇ ಎಂಬಂತೆ ಅತ್ತೆ ತಲೆಯಾಡಿಸಿದಳು. ಕ್ಯಾಮೆರಾ ತಿರುಗಿ ಬೋಗಿಯ ಕಿಟಕಿಗೆ ಬಂತು. ಬಾಸಿಂಗ ಬಿಚ್ಚಿದ ಹಣೆಯ ಹುಡುಗಿಯೊಬ್ಬಳು ಬಿಕ್ಕಿ ಬಿಕ್ಕಿ ಅಳುತ್ತಿದ್ದಳು. ಕ್ಯಾಮೆರಾದವನು ಇನ್ನೂ ಹತ್ತಿರ ಹೋದ. ಅಷ್ಟರಲ್ಲಿ ಒಂದು ದೊಡ್ಡ ಅಂಗೈ ಬಂದು ಇಡೀ ಪರದೆಯನ್ನು ಮುಚ್ಚಿತು. ಅದರ ಹಿಂದಿನಿಂದ ಗಟ್ಟಿ ದನಿ.

"ಏ ತಮ್ಮಾ, ಅಳೂದೇನ್ ತಗೀತಿ? ಗಾಡಿ ತಗಿ, ಗಾಡಿ."

ಕ್ಯಾಮೆರಾದವನು ಏನೋ ಗೊಣಗಿದ.

"ಮುಂದ್ ಎಂಜಿನ್ನಿಂದ ಹಿಡದು ಹಿಂದ್ ಗಾರ್ಡನ ಡಬ್ಬಿತನಾ ತಗಿ. ನನ್ನ ಮಗಳು ಹೊಂಟ ಗಾಡಿ ಅದು. ಒಂದ್ ಡಬ್ಬಿ ಬಿಡಬ್ಯಾಡ."

ಕ್ಯಾಮೆರಾದವನು ಹೇಳಿದಂತೆಯೇ ಮಾಡಿದ. ನಾನು ಎಷ್ಟೋ ಮದುವೆಯ ವಿಡಿಯೊ ನೋಡಿದ್ದೇನೆ. ಯಾವುದರಲ್ಲಿಯೂ ರೈಲು ಹಾಗೆ ಬಂದಿಲ್ಲ. ಎಂಜಿನ್ನು, ಅದರ ಬಿಸಿಗೆ ನಡುಗುವ ಗಾಳಿ, ಒಂದರ ಹಿಂದೆ ಒಂದು ಡಬ್ಬಿ, ಕಿಟಕಿಗಳಲ್ಲಿ ಕೈಗಳು, ಕೊನೆಗೆ ಹಸಿರು ಬಾವುಟ ಮಡಚಿ ಹಿಡಿದ ಗಾರ್ಡು. ಆ ಹೊತ್ತೆಲ್ಲ ಚಿತ್ರದಲ್ಲಿ ಕಾಣದ ಅಪ್ಪನ ದನಿ ಹಿಂದಿನಿಂದ ಕೇಳುತ್ತಲೇ ಇತ್ತು, ಈಗ ಮಗಳ ಜೊತೆ, ಸಣ್ಣಗೆ: "ಮ್ಯಾಲಿನ ಗಂಟು ನಾಳಿಗೆ. ತೆಳಗಿಂದು ಮದ್ಲ ಬಿಚ್ಚು, ಅದರಾಗ ಮಸರನ್ನ ಐತಿ, ಕೆಡ್ತೈತಿ. ಹುಬ್ಬಳ್ಳ್ಯಾಗ ಗಾಡಿ ಬದಲಾಸೂಮುಂದ ಟ್ರಂಕ್ ಮರೀಬ್ಯಾಡ್ರಿ." ಸೀಟಿ ಊದಿತು, ಗಾಡಿ ಅಲುಗಿತು, ಖಾಲಿ ಹಳಿಯ ಮೇಲೆ ಚಿತ್ರ ನಿಂತಿತು.

ಮನೆಯಾಕೆ ಯಾವಾಗಲೋ ಗೋಡೆ ಬಿಟ್ಟು ಮುಂದೆ ಬಂದಿದ್ದಳು.

"ಅತ್ತಿದ್ದ," ಎಂದಳು ಮೆಲ್ಲಗೆ. "ಗಾಡಿ ಹೊಂಟ ಮ್ಯಾಲೆ, ಕಿಟಕಿ ಹಿಡಕೊಂಡು ನಾಕ ಹೆಜ್ಜಿ ಬಂದಿದ್ದ. ನಾ ನೋಡೇನಿ."

"ಅದು ಇದರಾಗ ಬಂದಿಲ್ಲ ನೋಡವ್ವ," ಎಂದೆ. "ಕ್ಯಾಮೆರಾ ಗಾರ್ಡನ ಕಡೆ ಇತ್ತು."

"ಹಂಗಾರ ಅದು ನನ್ನ ಕಡೇನ ಐತಿ," ಎಂದಳು. ಸ್ವಲ್ಪ ತಡೆದು, ಆ ಮಸರನ್ನದ ಮಾತನ್ನು ಇನ್ನೊಮ್ಮೆ ಹಚ್ಚಲು ಹೇಳಿದಳು. ಹಚ್ಚಿದೆ. ಆ ಮಾತು ತನಗೆ ನೆನಪೇ ಇರಲಿಲ್ಲ ಎಂದಳು. ಮೇಲಿನ ಗಂಟನ್ನೇ ಮೊದಲು ಬಿಚ್ಚಿದ್ದರಂತೆ, ಮೊಸರನ್ನ ಹುಳಿಯಾಗಿತ್ತಂತೆ. ಸೊಸೆ ತಾನೂ ಹಾಗೆಯೇ, ಅತ್ತೆ ಹೇಳಿದ್ದನ್ನು ಕೇಳುವುದಿಲ್ಲ, ಹುಳಿಯಾದ ಮೇಲೆ ನೆನಪಾಗುತ್ತದೆ ಎಂದು ಛೇಡಿಸಿದಳು. ಆಕೆ ಕಣ್ಣು ಒರೆಸಿಕೊಂಡು ನಕ್ಕಳು.

ರೈಲು ಕೊಡಬಹುದು ಎಂದಳು, ಅಪ್ಪನ ದನಿಯನ್ನೂ. ಕಿಟಕಿಯಲ್ಲಿ ತಾನು ಅಳುವುದು ಬೇಡ. ಅಪ್ಪ ಕೈ ಅಡ್ಡ ಇಟ್ಟಲ್ಲಿಂದ ಮುಂದೆ ತೆಗೆದುಕೊಳ್ಳಲಿ. ನಾನು ಒಪ್ಪಿಗೆಯ ಹಾಳೆ ತೆಗೆದು ಓದಿ ಹೇಳಿದೆ. ದೃಶ್ಯ ಕೊಟ್ಟವರೆಂದು ಕೊನೆಗೆ ಟಿವಿಯಲ್ಲಿ ಹಾಕಲು ಒಂದು ಹೆಸರು ಬೇಕಿತ್ತು. ಆಕೆಯ ಹೆಸರು ಬರೆಯಲು ಪೆನ್ನು ಎತ್ತಿದಾಗ ತಡೆದಳು.

"ನಂದ್ಯಾಕ? ನಾ ಅಳಕೋತ ಕುಂತಿದ್ದೆ. ಗಾಡಿ ತಗಿಸಿದಾಂವ ಅಪ್ಪ. ಅವನ ಹೆಸರ ಬರೀರಿ."

ಸಹಿ ಆಕೆಯದು, ಹೆಸರು ಅವನದು. ಬೆಂಗಳೂರಿನ ಹುಡುಗಿಗೆ ಫೋನು ಮಾಡಿ, ಬೂಷ್ಟು ಹೋಯಿತು ಎಂದೆ. ಹೆಸರಿನ ವಿಷಯಕ್ಕೆ ಅವಳು, ತೀರಿಕೊಂಡವರಿಗೆ ಹಾಗೆ ಹಾಕುವ ರೂಢಿ ಇಲ್ಲ, ಕೇಳಿ ಹೇಳುತ್ತೇನೆ ಎಂದಳು. ದೃಶ್ಯ ಕಳಿಸಿದ ಸಂಜೆ ತಾನಾಗಿಯೇ ಫೋನು ಮಾಡಿ, ಹಾಕುತ್ತೇವೆ ಸರ್, ಆ ದನಿ ಕೇಳಿದ ಮೇಲೆ ಯಾರೂ ಬೇಡ ಅನ್ನಲಿಲ್ಲ ಎಂದಳು.

ಆ ಕಂತು ಟಿವಿಯಲ್ಲಿ ಬಂದ ದಿನ ನನ್ನನ್ನೂ ನನ್ನ ಹೆಂಡತಿಯನ್ನೂ ಕುಬಿಹಾಳಕ್ಕೆ ಕರೆದಿದ್ದರು. ಓಣಿಯ ಹೆಂಗಸರೆಲ್ಲ ಬಂದಿದ್ದರು. ಗಾಡಿ ತಗಿ ಎಂಬ ದನಿ ಬಂದಾಗ ಎಲ್ಲರೂ ಒಟ್ಟಿಗೆ ನಕ್ಕರು, ಆಮೇಲೆ ಗಾರ್ಡಿನವರೆಗೂ ಉಸಿರು ಬಿಡದೆ ನೋಡಿದರು. ಕೊನೆಯ ಹೆಸರುಗಳು ಬಹಳ ಬೇಗ ಮೇಲಕ್ಕೆ ಸರಿದವು. ಆಕೆಗೆ ಓದಲಾಗಲಿಲ್ಲ. ಸೊಸೆ ಅದನ್ನು ಮೊಬೈಲಿನಲ್ಲಿ ಹಿಡಿದುಕೊಂಡಿದ್ದಳು. ನಿಲ್ಲಿಸಿ, ದೊಡ್ಡದು ಮಾಡಿ ಅತ್ತೆಯ ಕೈಗೆ ಕೊಟ್ಟಳು. ಆಕೆ ಅಕ್ಷರಕ್ಕೆ ಅಕ್ಷರ ಕೂಡಿಸಿ ತಂದೆಯ ಹೆಸರನ್ನು ಓದಿದಳು. ಓದಿ, ಊರ ಹೆಸರು ಹಾಕಿದ್ದಾರೋ ಇಲ್ಲವೋ ಎಂದು ನನ್ನನ್ನು ಕೇಳಿದಳು.

ಹಾಕಿದ್ದರು. ಬೆರಳಿಟ್ಟು ತೋರಿಸಿದೆ.